ತಡಿಗಲ್ಲಿಗೆ ನಿಲ್ಲದವಳು

"ಏಯ್! ಹೊರಗ ಬರ್ರಿ! ಬಾಗಲಾ ಮುಟ್ಟಬ್ಯಾಡ್ರಿ!"

ಸುಮೇಧಾ ಬೆಚ್ಚಿ ತಿರುಗುವಷ್ಟರಲ್ಲಿ ಯಾರೋ ಅವಳ ಮುಂಗೈ ಹಿಡಿದು ಜಗ್ಗಿದ್ದರು. ಜಗ್ಗಿದ ರಭಸಕ್ಕೆ ಆ ನೀಲಿ ಕಲ್ಲಿನ ಕೋಣೆಯಿಂದ ನೇರ ಹೊರಗಿನ ಪಡಸಾಲೆಗೆ ಬಂದು ನಿಂತಳು. ಒಂದು ಚಪ್ಪಲಿ ಒಳಗೇ ಉಳಿಯಿತು.

ಎದುರಿಗಿದ್ದವನ ತಲೆ, ಹುಬ್ಬು, ಅಂಗಿ ಎಲ್ಲ ಕಲ್ಲಿನ ಪುಡಿ. ಕಣ್ಣು ಮಾತ್ರ ಕೆಂಡ.

"ಕೈ ಬಿಡ್ರಿ ಮೊದಲ!"

ಅವನು ಬಿಟ್ಟ.

"ಹೆಣ್ಮಕ್ಕಳ ಕೈ ಹಿಡದು ಜಗ್ಗೂದು ನಿಮ್ಮ ಪದ್ಧತಿ ಏನು?"

"ಆ ಬಾಗಲಾ ಮುಚ್ಚಿದ್ರ ಏನಾಗ್ತೈತಿ ಗೊತ್ತೇನ್ರಿ ನಿಮಗ? ಒಳಗ ಮೂರು ಸೆಕೆಂಡ್ ನಿಂತ್ರ..."

"ಹೊರಗ ಎಂಟು ತಾಸು ಇಪ್ಪತ್ತು ನಿಮಿಷ ಹೋಗಿರ್ತದ," ಎಂದಳು ಸುಮೇಧಾ ಪಟ್ಟನೆ. "ಒಳಗ ಒಂದು ಸೆಕೆಂಡ್ ಅಂದ್ರ ಹೊರಗ ಹತ್ತು ಸಾವಿರ. ನಾ ಲೆಕ್ಕದ ಟೀಚರ್ ಇದ್ದೇನ್ರಿ. ಗೊತ್ತಿದ್ದ ಬಂದೇನಿ."

"ಗೊತ್ತಿದ್ದೂ ಬಾಗಲಾ ಎಳಕೊಳ್ಳಾಕತ್ತಿದ್ರೇನು?"

"ಹತ್ತು ವರ್ಷ ನನ್ನ ಇದರೊಳಗ ಇಡ್ಲಿಕ್ಕೆ ಹೊಂಟಾರ! ಬಾಗಲಾ ಹಾಕಿದ ಮ್ಯಾಲ ಒಳಗ ಎಷ್ಟು ಕತ್ತಲಿ ಇರ್ತದ, ನಾ ನೋಡಬಾರದೇನು?"

ಅವನ ಮುಖ ಬದಲಾಯಿತು.

"ನೀವ... ಆ ಪೇಶಂಟ್ ಏನ್ರಿ?" ದನಿ ಒಮ್ಮೆಲೇ ಇಳಿಯಿತು.

ಆ ಇಳಿದ ದನಿ ಅವಳಿಗೆ ಇನ್ನಷ್ಟು ಸಿಟ್ಟು ತರಿಸಿತು. ಆರು ವಾರಗಳಿಂದ ಎಲ್ಲರ ದನಿಯೂ ಅವಳೆದುರು ಹೀಗೇ ಇಳಿಯುತ್ತಿತ್ತು.

"ಪೇಶಂಟ್ ಅಲ್ಲ. ಸುಮೇಧಾ."

ಅವನು ಬಾಗಿಲು ಸರಿಯದಂತೆ ಒಂದು ಕಲ್ಲು ಅಡ್ಡ ಇಟ್ಟು ಒಳಗೆ ಹೋದ. ಚಪ್ಪಲಿ ತಂದು, ಪುಡಿ ಒರೆಸಿ, ಅವಳ ಕಾಲ ಬಳಿ ಇಟ್ಟ.

"ನಾ ಬಸವಪ್ರಭು. ಹುಬ್ಬಳ್ಳಿ ಕಮರಿಪ್ಯಾಟಿಯಾಂವ. ಕಲ್ಲಿನ ಕೆಲಸಾ ಮಾಡ್ತೇನಿ. ಕೈ ನೋವಾತೇನ್ರಿ?"

"ಆತು."

"ತಪ್ಪಾತ್ರಿ. ಆದ್ರ ಮತ್ತ ಬಾಗಲಾ ಮುಟ್ಟಿದ್ರ, ಮತ್ತ ಜಗ್ಗತೇನಿ."

ಎಂಥ ಸೊಕ್ಕಿನ ಮನುಷ್ಯ!

ಆದರೆ ಮನೆಗೆ ಹೋಗುವಾಗ ಕಾರಿನಲ್ಲಿ ಸುಮೇಧಾ ತನ್ನ ಮುಂಗೈ ಮೇಲಿನ ಕೆಂಪು ಗುರುತನ್ನೇ ನೋಡುತ್ತ ಕುಳಿತಳು. ಆರು ವಾರಗಳಲ್ಲಿ ಎಲ್ಲರೂ ಅವಳನ್ನು ಗಾಜಿನ ಬಳೆ ಮುಟ್ಟಿದಂತೆ ಮುಟ್ಟಿದ್ದರು. ಮನುಷ್ಯರನ್ನು ಮುಟ್ಟಿದಂತೆ ಮುಟ್ಟಿದವನು ಇವನೊಬ್ಬನೇ.

*

ತಡಿಗಲ್ಲು ಸಿಕ್ಕು ಆಗ ನಾಲ್ಕು ವರ್ಷವಾಗಿತ್ತು.

ನವಲೂರಿನ ಒಂದು ಪೇರಲ ತೋಟದಲ್ಲಿ ಬೋರ್‌ವೆಲ್ ಕೊರೆಯುವಾಗ ನೀರಿನ ಬದಲು ಮೇಲೆ ಬಂದದ್ದು ಈ ಬೂದಿ-ನೀಲಿ ಕಲ್ಲು. ಉರಿಬಿಸಿಲಲ್ಲಿಟ್ಟರೂ ಈಗಷ್ಟೇ ತೊಳೆದಿಟ್ಟಂತೆ ಕಾಣುತ್ತಿತ್ತು. ಆರೂ ಕಡೆ ಇದನ್ನೇ ಹೊದಿಸಿ ಮುಚ್ಚಿದರೆ ಒಳಗಿನ ಕಾಲ ನಿಂತೇ ಬಿಟ್ಟಿತೇನೋ ಎಂಬಷ್ಟು ನಿಧಾನವಾಗುತ್ತಿತ್ತು. ಒಳಗಿಟ್ಟ ಮಲ್ಲಿಗೆ ಮೊಗ್ಗು ವರ್ಷ ಕಳೆದರೂ ಅರಳಲಿಲ್ಲ. ವಿಜ್ಞಾನಿಗಳು ಅದಕ್ಕೊಂದು ಉದ್ದನೆಯ ಹೆಸರಿಟ್ಟರು. ಮಾತು ಮಾತಿಗೆ 'ತಡೀ, ತಡೀ' ಎನ್ನುವ ಊರಿನ ಜನ ತಡಿಗಲ್ಲು ಎಂದು ಕರೆದು ಮುಗಿಸಿದರು.

ಆ ತೋಟದ ಪಕ್ಕದಲ್ಲೇ 'ಕಾಲಾಶ್ರಯ' ಎಂಬ ಖಾಸಗಿ ಕೇಂದ್ರ ಎದ್ದಿತು. ಇಂದು ಮದ್ದಿಲ್ಲದ ರೋಗಿಯನ್ನು ಮದ್ದು ಬರುವ ದಿನದವರೆಗೆ ಒಳಗಿಟ್ಟು ಕಾಯುವ ಜಾಗ. ಸದ್ಯಕ್ಕೆ ಇದ್ದದ್ದು ಒಂದೇ ಕೋಣೆ. ಅದರ ಮೊದಲ ರೋಗಿ ಸುಮೇಧಾ ಆಗಬೇಕಿತ್ತು.

ಅವಳಿಗೆ ಇಪ್ಪತ್ತೊಂಬತ್ತು. ಧಾರವಾಡದ ಒಂದು ಕೋಚಿಂಗ್ ಸೆಂಟರ್‌ನಲ್ಲಿ ಪಿ.ಎಸ್.ಐ. ಪರೀಕ್ಷೆಗೆ ಓದುವವರಿಗೆ ಗಣಿತ ಕಲಿಸುತ್ತಿದ್ದಳು. ಹೃದಯದಿಂದ ಹೊರಡುವ ದೊಡ್ಡ ರಕ್ತನಾಳ ಬಲೂನಿನಂತೆ ಉಬ್ಬಿದೆ ಎಂದು ಗೊತ್ತಾದದ್ದು ಆರು ವಾರಗಳ ಹಿಂದೆ.

"ಆಪರೇಷನ್ ಅದ," ಎಂದಿದ್ದರು ಡಾಕ್ಟರ್ ಸುಜಾತಾ. "ನಿಮ್ಮ ಕೇಸಿನ್ಯಾಗ ನೂರಕ್ಕ ಅರವತ್ತು ಮಂದಿ ಛಲೋ ಆಗಿ ಮನಿಗೆ ಹೋಗ್ತಾರ."

ತಂದೆ ತ್ರ್ಯಂಬಕರಾಯರಿಗೆ ಕೇಳಿಸಿದ್ದು ಉಳಿದ ನಲವತ್ತು.

ಹದಿನೇಳು ವರ್ಷಗಳ ಹಿಂದೆ ಸುಮೇಧಾಳ ತಾಯಿಯೂ ಇದೇ ರೋಗಕ್ಕೆ, ಇದೇ ಆಪರೇಷನ್ನಿಗೆ ಒಳಗೆ ಹೋಗಿದ್ದರು. ಹೊರಗೆ ಬಂದಿರಲಿಲ್ಲ.

"ಇನ್ನ ಹತ್ತು ವರ್ಷಕ್ಕ ಎದಿ ಕೊಯ್ಯೂ ಕೆಲಸನ ಇರೂದಿಲ್ಲಂತ, ಸುಮಿ," ಎಂದು ರಾಯರು ಅಂಗಲಾಚುತ್ತಿದ್ದರು. "ಒಳಗ ನಿನಗ ಒಂಬತ್ತು ತಾಸು ಅಷ್ಟ. ಒಂದು ನಿದ್ದಿ ಮಾಡಿ ಏಳೂದು!"

"ನಾ ಒಲ್ಲೆ ಅಪ್ಪಾ."

"ನನ್ನ ಸಲುವಾಗಿ ಅದನ್ನ ನೋಡ್ಕೊಂಡರ ಬಾ."

ಹಾಗೆ ನೋಡಲು ಹೋದ ದಿನವೇ ಆ ಕೈ ಜಗ್ಗಿದ ಪ್ರಸಂಗ ನಡೆದದ್ದು.

*

ಮೂರು ದಿನ ಬಿಟ್ಟು ಅವಳು ಮತ್ತೆ ಹೋದಳು. ಈ ಸಲ ಒಬ್ಬಳೇ.

ಯಾಕೆ ಬಂದೆ ನಾನು? ಕೋಣೆ ನೋಡಲಿಕ್ಕೋ... ಅವನನ್ನು ನೋಡಲಿಕ್ಕೋ?

ಬಸವಪ್ರಭು ಬಾಗಿಲಿನ ಒಳಮೈಗೆ ಚಿಲಕ ಕೂಡಿಸುತ್ತಿದ್ದ.

"ಒಳಗ ಮಲಗಿದವರಿಗೆ ಚಿಲಕ ಯಾಕ್ರಿ?"

"ಹೊರಗ ಬರಬೇಕು ಅನ್ನಿಸಿದ್ರ?" ಅವನು ತಲೆ ಎತ್ತದೆ ಹೇಳಿದ. "ಪರಮೇಶ ಸಾಹೇಬ್ರು ಬ್ಯಾಡ ಅಂದ್ರು. ಚಿಲಕ ಇಲ್ಲದ ಬಾಗಲಾ ನಾ ಹಚ್ಚಂಗಿಲ್ಲ ಅಂದ್ನಿ. ಈ ಕಲ್ಲು ಸೀಳದಂಗ ಕೊಯ್ಯಾಕ ಬರೂದು ನನಗೊಬ್ಬಗ. ಅದಕ್ಕ ಸುಮ್ಮನಾದ್ರು."

ಪರಮೇಶ ಎಂದರೆ ಕಾಲಾಶ್ರಯದ ಮುಖ್ಯಸ್ಥರು.

"ಎಂದ ಮುಗಿತದ ಕೆಲಸಾ?"

"ತಡಾ ಐತ್ರಿ. ಭಾಳ ತಡಾ ಐತಿ," ಎಂದ ಅವನು. ಆಮೇಲೆ ಒಂದು ಕ್ಷಣ ಅವಳ ಮುಖ ನೋಡಿ, "ಅವಸರ ಇದ್ರ ಹೇಳ್ರಿ. ಇನ್ನೂ ತಡಾ ಮಾಡ್ತೇನಿ," ಎಂದ.

ಎಷ್ಟೋ ವಾರಗಳ ಮೇಲೆ ಸುಮೇಧಾ ನಕ್ಕಳು.

ಆಮೇಲಿನ ಮೂರು ವಾರ ಹೀಗೇ ಹೋಯಿತು. ಚಿಲಕ ಒಮ್ಮೆ ಸೊಟ್ಟಗಾಯಿತು. ಒಮ್ಮೆ ಸ್ಕ್ರೂ ಸಿಗಲಿಲ್ಲ. ಒಮ್ಮೆ ಕಲ್ಲಿನ ಅಂಚು ಉಜ್ಜಬೇಕಾಯಿತು. ಪರಮೇಶ ಸಿಡಿಮಿಡಿಗೊಂಡರು. ರಾಯರು ದಿನಕ್ಕೆರಡು ಸಲ ಫೋನ್ ಮಾಡಿದರು. ಸುಮೇಧಾ ಮಾತ್ರ ಕ್ಲಾಸ್ ಮುಗಿಸಿ ಬಂದು, ಪೇರಲ ಗಿಡದ ಕೆಳಗೆ ಅವನ ಜೊತೆ ಚಹಾ ಕುಡಿದು ಹೋಗುತ್ತಿದ್ದಳು.

ಒಂದು ಮಧ್ಯಾಹ್ನ ಅವಳು ಕೇಳಿದಳು. "ನಿಮಗ ಎಷ್ಟು ವಯಸ್ಸು?"

"ಆಧಾರ್ ಕಾರ್ಡಿನ ಪ್ರಕಾರ ಮೂವತ್ತೆರಡು. ಖರೇ ಹೇಳಬೇಕಂದ್ರ... ಏಳು ತಿಂಗಳು ಕಮ್ಮಿ."

ಅವಳು ಅರ್ಥವಾಗದೆ ನೋಡಿದಳು.

"ಮೂರು ವರ್ಷದ ಹಿಂದ ಆ ಕೋಣಿ ಕಟ್ಟಿದಾಂವ ನಾನ ರೀ. ಕಡೀ ಕಲ್ಲು ಕೂಡ್ಸಿ ಕೈ ತಗದ್ನಿ, ಬಾಗಲಾ ತಾನ ಸರದು ಮುಚ್ಚಿಕೊಂತು. ಒಳಗ ಹಿಡಿಕಿ ಇರ್ಲಿಲ್ಲ. ಬಡದ್ನಿ, ಒದರಿದ್ನಿ. ಅರ್ಧಾ ತಾಸು ಆಗಿರಬೇಕು. ಬಾಗಲಾ ತಗದ್ರು." ಅವನು ಚಹಾದ ಲೋಟ ಕೆಳಗಿಟ್ಟ. "ಹೊರಗ ಏಳು ತಿಂಗಳಾಗಿತ್ತು."

"ಏಳು ತಿಂಗಳು ಯಾಕ ತಗೀಲಿಲ್ಲ ಅವರು?"

"ತಗದ್ರ ಒಳಗಿದ್ದಾಂವ ಏನಾಗ್ತಾನೋ ಅಂತ ಅಂಜಿದ್ರಂತ. ಮೀಟಿಂಗ್ ಮಾಡಿದ್ರಂತ. ಮೀಟಿಂಗ್ ಮ್ಯಾಲ ಮೀಟಿಂಗ್."

ಸುಮೇಧಾ ತನ್ನ ಲೋಟವನ್ನೂ ಕೆಳಗಿಟ್ಟಳು.

"ನಮ್ಮವ್ವ, ರತ್ನವ್ವ ಅಂತ ಹೆಸರು... ದಿನಾ ಹುಬ್ಬಳ್ಳಿಯಿಂದ ಚಿಗರಿ ಬಸ್ಸಿಗೆ ಬಂದು ಆ ಬಾಗಲದ ಮುಂದ ಕೂಡತಿದ್ಲಂತ. ಆರು ತಿಂಗಳು ಬಂದ್ಲಂತ. ಏಳನೇದಕ್ಕ ಬರಲಿಲ್ಲ."

ಅವನು ಪಕ್ಕದಲ್ಲಿದ್ದ ಚೀಲವನ್ನು ಮಡಿಲಿಗೆಳೆದುಕೊಂಡ.

"ನನ್ನ ಚೀಲದಾಗ ಆಕಿ ಆ ಮುಂಜಾನೆ ಕಟ್ಟಿಕೊಟ್ಟ ಬುತ್ತಿ ಇತ್ರಿ. ಹೊರಗ ಬಂದು ಬಿಚ್ಚಿದ್ನಿ. ರೊಟ್ಟಿ ಇನ್ನೂ ಬೆಚ್ಚಗಿತ್ತು. ಅದನ್ನ ಬಡದಾಕಿನ ಮಣ್ಣು ಮಾಡಿ ಇಪ್ಪತ್ತೆರಡು ದಿನಾ ಆಗಿತ್ತು."

"ಆ ರೊಟ್ಟಿ..."

"ತಿಂದ್ನಿ. ಅಲ್ಲೇ ಕುಂತು ಪೂರಾ ತಿಂದ್ನಿ. ಬಿಟ್ಟಿದ್ರ ಬೈತಿದ್ಲು."

ಸುಮೇಧಾಳ ಕೆನ್ನೆ ಒದ್ದೆಯಾಗಿತ್ತು. ಅವಳು ಒರೆಸಿಕೊಳ್ಳಲಿಲ್ಲ.

"ಇಷ್ಟಾದ ಮ್ಯಾಲೂ ಇಲ್ಲೇ ಯಾಕ ಕೆಲಸಾ ಮಾಡ್ತೀರಿ?"

"ನಾ ಬಿಟ್ರ ಇನ್ನೊಬ್ಬಾಂವ ಬರ್ತಾನ. ಅಂವ ಒಳಗ ಚಿಲಕ ಹಾಕಂಗಿಲ್ಲ."

ಆ ಕ್ಷಣವೇ ಇರಬೇಕು. ಅವಳ ಎದೆಯಲ್ಲಿ ರೋಗಕ್ಕೆ ಸಂಬಂಧವೇ ಇಲ್ಲದ ಇನ್ನೇನೋ ಒಂದು ಜೋರಾಗಿ ಬಡಿದುಕೊಂಡಿತು.

*

ಮುಂದಿನ ಶನಿವಾರ ಬಸವಪ್ರಭು ಧಾರವಾಡಕ್ಕೆ ಬಂದು ಅವಳ ಕ್ಲಾಸಿನ ಕೊನೇ ಬೆಂಚಿನಲ್ಲಿ ಕುಳಿತ. ಅವಳೇ ಕರೆದಿದ್ದಳು.

"ಒಂದು ಗ್ವಾಡಿ ಕಟ್ಟಲಿಕ್ಕೆ ಆರು ಮಂದಿಗೆ ಎಂಟು ದಿನಾ ಬೇಕು. ನಾಲ್ಕು ಮಂದಿಗೆ ಎಷ್ಟು ದಿನ?" ಎಂದು ಸುಮೇಧಾ ಕೇಳಿದಳು.

"ಹನ್ನೆರಡು, ಮೇಡಂ!" ಎಂದರು ಹುಡುಗರು.

"ಹದಿನೈದು," ಎಂದ ಹಿಂದಿನಿಂದ ಬಸವಪ್ರಭು. "ಸಿಮೆಂಟ್ ಟೈಮಿಗೆ ಬರಂಗಿಲ್ರಿ."

ಇಡೀ ಕ್ಲಾಸು ಗೊಳ್ಳೆಂದು ನಕ್ಕಿತು. ಸುಮೇಧಾಳೂ ನಕ್ಕಳು. ನಗುನಗುತ್ತಲೇ ಬೋರ್ಡಿನ ಕಡೆ ತಿರುಗಿದವಳು, ಕೈಯಲ್ಲಿನ ಚಾಕ್‌ಪೀಸ್ ಬಿಟ್ಟು, ಹಾಗೇ ಕುಸಿದಳು.

ಅವಳನ್ನು ಎತ್ತಿಕೊಂಡು ಮೆಟ್ಟಿಲಿಳಿದವನು ಬಸವಪ್ರಭು. ಸತ್ತೂರಿನ ಆಸ್ಪತ್ರೆ ಮುಟ್ಟುವವರೆಗೆ ಅವನು ಅವಳ ಕೈ ಬಿಡಲಿಲ್ಲ.

"ಉಬ್ಬು ಹೆಚ್ಚಾಗೇದ," ಎಂದರು ಡಾಕ್ಟರ್ ಸುಜಾತಾ. "ಇನ್ನ ಕಾಯೂ ಹಂಗಿಲ್ಲ. ಒಂದು ವಾರದೊಳಗ ತೀರ್ಮಾನ ಆಗಬೇಕು."

ಮರುದಿನ ಬಸವಪ್ರಭು ವಾರ್ಡಿಗೆ ಬಂದ. ಕಣ್ಣು ನಿದ್ದೆಗೆಟ್ಟು ಕೆಂಪಾಗಿತ್ತು. ಅವನ ಹಿಂದೆ ಬಾಗಿಲಲ್ಲಿ ತ್ರ್ಯಂಬಕರಾಯರು ನಿಂತಿದ್ದರು.

"ಬಾಗಲಾ ಮುಗೀತ್ರಿ."

ಸುಮೇಧಾ ಎದ್ದು ಕುಳಿತಳು. "ಏನಂದ್ರಿ?"

"ಚಿಲಕ ಕೂಡಿಸಿದ್ನಿ. ಎಲ್ಲಾ ತಯಾರ್ ಐತಿ. ನಾಳೆನ ಒಳಗ ಹೋಗ್ರಿ." ಅವನು ಅವಳ ಕಣ್ಣು ತಪ್ಪಿಸಿ ಹೇಳುತ್ತಿದ್ದ. "ನಾ ಕಾಯ್ತೇನಿ. ಹತ್ತು ವರ್ಷ ಅಲ್ಲ, ಇಪ್ಪತ್ತಾದ್ರೂ ಕಾಯ್ತೇನಿ."

ಮೂರು ವಾರ ಮುಗಿಯದ ಬಾಗಿಲು ಒಂದೇ ದಿನದಲ್ಲಿ ಮುಗಿದಿತ್ತು!

ಅವಳು ತಂದೆಯ ಮುಖ ನೋಡಿದಳು. ಆ ಮುಖದಲ್ಲಿ ಹತ್ತು ವಾರಗಳಿಂದ ಕಾಣದ ನಿರಾಳ ಇತ್ತು. ಅವಳೊಳಗೆ ಏನೋ ಮುರಿದಂತಾಯಿತು.

"ಅಪ್ಪ ಬಂದಿದ್ದನೇನು ನಿಮ್ಮ ಹತ್ರ?"

ಬಸವಪ್ರಭು ತಲೆ ತಗ್ಗಿಸಿದ.

"ಖರೇ ಹೇಳ್ರಿ. ಬಂದಿದ್ದನೋ ಇಲ್ಲೋ?"

"...ಬಂದಿದ್ರು."

ಅಂದರೆ ಇವನೂ ಅಪ್ಪನ ಕಡೆಯವನೇ! ಚಹಾ, ನಗು, ಆ ಪೇರಲ ಗಿಡದ ನೆರಳು... ಎಲ್ಲ ನನ್ನನ್ನು ಒಪ್ಪಿಸಲಿಕ್ಕೋ?

"ನಿಮಗ ಹತ್ತು ವರ್ಷ, ನನಗ ಒಂಬತ್ತು ತಾಸು," ಎಂದಳು. ದನಿ ನಡುಗುತ್ತಿತ್ತು, ಆದರೆ ಇಳಿದಿರಲಿಲ್ಲ. "ನಾ ಎದ್ದಾಗ ನನ್ನ ಹುಡುಗೂರೆಲ್ಲಾ ಸಂಸಾರಸ್ಥರು. ಅಪ್ಪಗ ಎಪ್ಪತ್ತೆಂಟು, ಇದ್ದರ. ನೀವು ಆ ಬಾಗಲದ ಮುಂದ ಕೂತು ಕೂತು ಮುದುಕಾಗಿರ್ತೀರಿ. ನಿಮ್ಮವ್ವಗ ಏನಾತಂತ ನೋಡಿದವರು ನೀವು! ಬ್ಯಾರೆ ಯಾರರ ಹೇಳಿದ್ರ ತಡಕೊಳ್ತಿದ್ದೆ. ನೀವು ಹೇಳಬಾರದಿತ್ತು."

"ಸುಮೇಧಾ ಅವರ..."

"ಹೊರಗ ಹೋಗ್ರಿ."

ಅವನು ಹೋದ.

ಅವಳು ಕಣ್ಣೊರೆಸಿಕೊಂಡು ನರ್ಸನ್ನು ಕರೆದಳು. "ಡಾಕ್ಟರ್‌ನ ಕರೀರಿ. ಆಪರೇಷನ್ ಫಾರ್ಮ್ ತರ್ರಿ. ನನ್ನ ಸಹಿ ಒಂದ ಸಾಕಲ್ಲ?"

"ಸುಮೀ!" ರಾಯರು ಮಂಚದ ಕಡೆ ಓಡಿ ಬಂದರು. "ಬ್ಯಾಡವಾ... ನಿನ್ನ ಕೈ ಮುಗಿತೇನಿ..."

"ನೀ ಕೈ ಮುಗದ್ರ ನನಗ ಸಂಕಟ ಆಗ್ತದ ಅಪ್ಪಾ. ಆದ್ರ ಸಹಿ ನಾ ಮಾಡಾಕಿನ."

ಮಾಡಿದಳು. ಗುರುವಾರ ಬೆಳಿಗ್ಗೆ ಎಂಟಕ್ಕೆ ಎಂದು ಗೊತ್ತಾಯಿತು.

*

ರಾಯರು ಮಾತು ಬಿಟ್ಟರು. ಮಂಗಳವಾರ ಬೆಳಿಗ್ಗೆ ಒಂದೇ ಒಂದು ಮಾತು ಕೇಳಿದರು. "ಪರಮೇಶರಿಗೆ 'ಒಲ್ಲೆ' ಅನ್ನೂದು ನೀನ ಬಂದು ಹೇಳು. ನನ್ನ ಬಾಯಿಂದ ಬರೂದಿಲ್ಲ."

ಡಾಕ್ಟರು ಎರಡು ತಾಸಿಗೆ ಬಿಟ್ಟರು. ತಂದೆ ಮಗಳು ನವಲೂರಿಗೆ ಹೋದರು.

ಗೇಟಿನ ಹತ್ತಿರವೇ ಸುತ್ತಿಗೆ ಸದ್ದು ಕೇಳಿಸಿತು. ಜೊತೆಗೆ ಪರಮೇಶರ ಕೂಗು.

"ನಿಲ್ಲಸೋ! ಪೊಲೀಸರಿಗೆ ಫೋನ್ ಮಾಡ್ತೇನಿ ನೋಡು! ಯಾರ ಕಲ್ಲು ಅಂತ ತಿಳದೀ?"

ಸುಮೇಧಾ ಒಳಗೆ ಓಡಿದಳು. ಓಡಬಾರದು ಎಂಬುದೇ ಮರೆತುಹೋಗಿತ್ತು.

ಕೋಣೆಯ ಒಂದು ಗೋಡೆ ಅರ್ಧ ಬೋಳಾಗಿತ್ತು. ನೀಲಿ ಕಲ್ಲುಗಳು ನೆಲದ ಮೇಲೆ ಸಾಲಾಗಿದ್ದವು. ಬಸವಪ್ರಭು ಉಳಿ ಹಿಡಿದು ಇನ್ನೊಂದನ್ನು ಎಬ್ಬಿಸುತ್ತಿದ್ದ. ಅಂಗೈಯಿಂದ ರಕ್ತ ಸೋರುತ್ತಿತ್ತು.

"ಏನ್ ಮಾಡ್ಲಿಕ್ಕತ್ತೀರಿ ಇದು?"

ಅವನು ತಿರುಗಿದ. ಅವಳನ್ನು ಕಂಡು ಕಣ್ಣು ತುಂಬಿ ಬಂತು.

"ಇದು ಇರೂತನಕ ನಿಮ್ಮನ್ನ ಒಳಗ ಹಾಕ್ತಾರ್ರಿ. ನಾನ ಹಾಕಾಕ ಹೊಂಟಿದ್ನಿ. ಕಟ್ಟಿದಾಂವ ನಾನು, ಕೀಳಾಂವನೂ ನಾನ."

"ಹಾಕ್ತಾರ ಅಂದ್ರ? ನಾ ಏನು ಉಪ್ಪಿನಕಾಯಿ ಏನು, ಭರಣಿಯೊಳಗ ಹಾಕ್ಲಿಕ್ಕೆ?"

"ಸುಮೇಧಾ ಅವರ, ನಿಮ್ಮ ಸಲುವಾಗಿನ..."

"ಅದ! ಅದ ಮಾತು!" ಅವಳು ಕೂಗಿದಳು. ಪರಮೇಶರೂ ಸುಮ್ಮನಾದರು. "ಅಪ್ಪ ನನ್ನ ಸಲುವಾಗಿ ಬಾಗಲಾ ಹಾಕ್ತಾನ. ನೀವು ನನ್ನ ಸಲುವಾಗಿ ಗ್ವಾಡಿ ಕೀಳ್ತೀರಿ. ನನ್ನ ಯಾರು ಕೇಳಿದ್ರಿ? ನಾಳೆ ಯಾರೋ ಒಬ್ಬಾಕಿ ತಾಯಿ ಬರ್ತಾಳ, ತನ್ನ ಕೂಸಿಗೆ ಮದ್ದಿಲ್ಲ, ಈ ಕೋಣಿ ಬೇಕು ಅಂತಾಳ. ಆಕಿಗೆ ಏನು ಹೇಳ್ತೀರಿ? ಸುಮೇಧಾಗ ಬ್ಯಾಡ ಆತು, ಅದಕ್ಕ ನಿನಗೂ ಇಲ್ಲ ಅಂತೀರೇನು? ಒಲ್ಲೆ ಅನ್ನೂದು ನನ್ನ ಮಾತು. ಅದನ್ನ ನಿಮ್ಮ ಸುತ್ತಿಗಿಲೆ ಹೇಳಬ್ಯಾಡ್ರಿ."

ಉಳಿ ಅವನ ಕೈಯಿಂದ ಜಾರಿ ಬಿತ್ತು.

ಆಮೇಲೆ ಬಸವಪ್ರಭು ಮೆಲ್ಲಗೆ ಕೇಳಿದ.

"ಹಂಗಾರ... ನಿಮಗ ಏನು ಬೇಕ್ರಿ?"

ಹತ್ತು ವಾರಗಳಲ್ಲಿ ಈ ಪ್ರಶ್ನೆಯನ್ನು ಯಾರೂ ಸುಮೇಧಾಳಿಗೆ ಕೇಳಿರಲಿಲ್ಲ!

"ಆಪರೇಷನ್ ಬೇಕು," ಎಂದಳು. "ಗುರುವಾರ ಎಂಟಕ್ಕ. ಅಲ್ಲೀತನಕ ಎರಡು ದಿನಾ ಅವ. ಆ ಎರಡು ದಿನಾ ನನ್ನ ಮುಂದ ಯಾರೂ ದನಿ ಇಳಿಸಿ ಮಾತಾಡಬಾರದು. ಅದು ಬೇಕು. ಮತ್ತ..."

"ಮತ್ತ?"

ಅವಳು ಒಮ್ಮೆ ತಂದೆಯ ಕಡೆ, ಒಮ್ಮೆ ಪರಮೇಶರ ಕಡೆ ನೋಡಿದಳು. ಕೇಳಲಿ! ಎಲ್ಲರೂ ಕೇಳಲಿ!

"ನೀವು ಬೇಕು."

ಕಲ್ಲಿನ ಪುಡಿ ಮೆತ್ತಿದ ಆ ಮುಖದ ಮೇಲೆ ಕಣ್ಣೀರು ಎರಡು ಗೆರೆ ಎಳೆಯಿತು.

"ನಿಮ್ಮಪ್ಪಾವರು ಬಂದಿದ್ದು ಖರೇರಿ," ಎಂದ. "ಆದ್ರ ಅವರು ಬರೂಕಿಂತ ಮೊದಲ ನಾ ಚಿಲಕ ಮುಗಿಸಿದ್ನಿ. ಅವರ ಮಾತಿಗಲ್ಲ, ನನ್ನ ಅಂಜಿಕಿಗೆ. ನೀವು ಬಿದ್ದದ್ದು ನೋಡಿ... ಇನ್ನೊಬ್ಬರನ್ನ ಕಳಕೊಳ್ಳೂ ಶಕ್ತಿ ನನಗಿಲ್ಲ ಅನ್ನಿಸ್ತು. ಅಷ್ಟ. ನಾ ಯಾರ ಕಡಿಯಾಂವನೂ ಅಲ್ರಿ."

"ಅದನ್ನ ಅವತ್ತ ಯಾಕ ಹೇಳಲಿಲ್ಲ?"

"ಹೊರಗ ಹೋಗ್ರಿ ಅಂದ್ರಲ್ಲ."

ಅಳುತ್ತಲೇ ಅವಳಿಗೆ ನಗು ಬಂತು.

"ಮತ್ತ ನಾನು?"

ಎಲ್ಲರೂ ತಿರುಗಿ ನೋಡಿದರು. ತ್ರ್ಯಂಬಕರಾಯರು ಗೋಡೆ ಹಿಡಿದು ನಿಂತಿದ್ದರು.

"ನಿನ್ನ ಅವ್ವ ಒಳಗ ಹೋದಾಗ ನಾ ಹೊರಗ ಬೆಂಚಿನ ಮ್ಯಾಲ ಕೂತಿದ್ದೆ, ಸುಮಿ. ಬಾಗಲಾ ತಗದು ಡಾಕ್ಟರ್ ಹೊರಗ ಬಂದ್ರು. ಅವರು ಬಾಯಿ ಬಿಡೂಕಿಂತ ಮೊದಲ ನನಗ ತಿಳದಿತ್ತು." ಅವರು ಗೋಡೆಗೆ ಒರಗಿದರು. "ಹತ್ತು ವರ್ಷಕ್ಕ ನಾ ಇರೂದಿಲ್ಲ. ನನಗ ಗೊತ್ತದ. ಆ ಬೆಂಚಿನ ಮ್ಯಾಲ ಇನ್ನೊಮ್ಮೆ ಕೂಡೂದು ತಪ್ಪಿದ್ರ ಸಾಕಾಗಿತ್ತು ನನಗ..."

ಸುಮೇಧಾ ಹೋಗಿ ತಂದೆಯ ಎರಡೂ ಕೈ ಹಿಡಿದಳು.

"ನಿನ್ನ ಅಂಜಿಕಿ ತಪ್ಪಲಿ ಅಂತ ನಾ ಒಳಗ ಹೋಗೂದಿಲ್ಲ ಅಪ್ಪಾ. ಹೋದ್ರ ನಿನ್ನ ಕಡೀ ಹತ್ತು ವರ್ಷ ನನಗ ಸಿಗೂದಿಲ್ಲ. ಅವು ನನಗ ಬೇಕು. ಜಗಳಾಡ್ಲಿಕ್ಕರ ಬೇಕು."

ರಾಯರು ಮಗಳ ಹೆಗಲ ಮೇಲೆ ಮುಖವಿಟ್ಟು ಬಿಕ್ಕಿದರು.

ಪರಮೇಶರು ಕೆಮ್ಮಿದರು. "ಈ ಗ್ವಾಡಿ ಕತಿ ಏನಪ್ಪಾ?"

"ತಿರುಗಿ ಕೂಡ್ಸತೇನ್ರಿ," ಎಂದ ಬಸವಪ್ರಭು, ಕಣ್ಣೊರೆಸುತ್ತ. "ಆದ್ರ ಒಳಗ ಹೋಗಾಕ ಬಂದವರನ್ನ ಮೊದಲ ನಾ ಕೇಳ್ತೇನಿ. ಅವರ ಬಾಯಿಲೆ 'ಹೂಂ' ಬಂದ್ರಷ್ಟ ಬಾಗಲಾ ತಗೀತೇನಿ."

*

ಆ ಎರಡು ದಿನ ಯಾರೂ ದನಿ ಇಳಿಸಲಿಲ್ಲ.

ಆಸ್ಪತ್ರೆಯ ಮಂಚದ ಸುತ್ತ ಹುಡುಗರು ಬಂದು ಕುಳಿತರು. ಬಾಕಿ ಉಳಿದ ಪಾಠವನ್ನು ಸುಮೇಧಾ ಮಲಗಿಕೊಂಡೇ ಮುಗಿಸಿದಳು. ರಾಯರು ಮನೆಯಿಂದ ಅವಲಕ್ಕಿ ತಂದರು. ಉಪ್ಪು ಹೆಚ್ಚಾಗಿದೆ ಎಂದು ಮಗಳು ಜಗಳ ತೆಗೆದಳು, ಅವರು ತಿರುಗಿ ಜಗಳಾಡಿದರು. ಬಸವಪ್ರಭು ಕೈಗೆ ಪಟ್ಟಿ ಕಟ್ಟಿಕೊಂಡು ಕಿಟಕಿ ಪಕ್ಕ ಕುಳಿತಿರುತ್ತಿದ್ದ. ತೋಚಿದಾಗ ಹಾಡುತ್ತಿದ್ದ. ಬಲು ಕೆಟ್ಟದಾಗಿ ಹಾಡುತ್ತಿದ್ದ.

ಗುರುವಾರ ಎಂಟಕ್ಕೆ ಸುಮೇಧಾ ಒಳಗೆ ಹೋದಳು. ಬಾಗಿಲು ಮುಚ್ಚಿತು.

ಹೊರಗಿನ ಬೆಂಚಿನ ಮೇಲೆ ಇಬ್ಬರು. ಒಂಬತ್ತಾಯಿತು. ಹತ್ತಾಯಿತು. ಹನ್ನೊಂದು... ಅಲ್ಲಿ ಯಾವ ತಡಿಗಲ್ಲೂ ಇರಲಿಲ್ಲ. ಆದರೂ ಗಡಿಯಾರದ ಮುಳ್ಳು ಮುಂದೆ ಹೋಗಲೊಲ್ಲದು!

ಮಧ್ಯಾಹ್ನ ದಾಟಿದ ಮೇಲೆ ರಾಯರು ಮೊದಲ ಸಲ ಬಾಯಿ ಬಿಟ್ಟರು.

"ನಿಮ್ಮ ತಾಯಿ ಹೆಸರೇನಪಾ?"

"ರತ್ನವ್ವ ಅಂತ್ರಿ."

"ಆರು ತಿಂಗಳು ಕೂತಿದ್ರಂತಲ್ಲ ಹಿಂಗ."

"ಹೌದ್ರಿ."

ರಾಯರು ಸರಿದು ಅವನ ಹತ್ತಿರ ಕುಳಿತರು. ಅವನ ಪಟ್ಟಿ ಕಟ್ಟಿದ ಕೈಯನ್ನು ತಮ್ಮ ತೊಡೆಯ ಮೇಲಿಟ್ಟುಕೊಂಡರು.

ಮೂರೂವರೆಗೆ ಬಾಗಿಲು ತೆರೆಯಿತು.

ಡಾಕ್ಟರ್ ಸುಜಾತಾ ಹೊರಗೆ ಬಂದರು. ರಾಯರು ಎದ್ದು ನಿಲ್ಲಲಾಗದೆ ಕಣ್ಣು ಮುಚ್ಚಿಕೊಂಡರು.

"ರಾಯರ... ಕಣ್ಣು ತಗೀರಿ," ಎಂದರು ಡಾಕ್ಟರು. ಅವರ ದನಿ ದಣಿದಿತ್ತು, ನಗುತ್ತಿತ್ತು. "ಭಾಳ ಹಟಮಾರಿ ಮಗಳು ನಿಮ್ಮಾಕಿ. ಎರಡು ಸಲ ಕೈ ಬಿಡ್ತಾಳೇನೋ ಅಂತ ಅಂಜಿಸಿದ್ಲು. ಬಿಡಲಿಲ್ಲ!"

*

ಐದನೆಯ ದಿನ ಸುಮೇಧಾಳನ್ನು ವಾರ್ಡಿಗೆ ತಂದರು.

ಮುಖ ಬಿಳುಚಿತ್ತು. ಎದೆಯ ಮೇಲೆ ಉದ್ದಕ್ಕೆ ಪಟ್ಟಿ. ಮಾತಾಡಿದರೆ ನೋವು, ನಕ್ಕರೆ ಇನ್ನೂ ನೋವು. ಆದರೂ ಕಣ್ಣು ಹೊಳೆಯುತ್ತಿದ್ದವು.

ರಾಯರು ಇಬ್ಬರ ಮುಖವನ್ನೂ ಒಮ್ಮೆ ನೋಡಿದರು. "ನಾ ಒಂದು ಕಪ್ಪ ಚಹಾ ಕುಡದು ಬರ್ತೇನಿ," ಎಂದು ಎದ್ದರು. ಬಾಗಿಲ ಬಳಿ ನಿಂತು, "ಸಾವಕಾಶ ಬರ್ತೇನಿ," ಎಂದು ಸೇರಿಸಿದರು.

ಬಸವಪ್ರಭು ಸ್ಟೂಲ್ ಎಳೆದುಕೊಂಡು ಕುಳಿತ. ಹೊದಿಕೆಯ ಅಂಚು ಸರಿಮಾಡಿದ. ಮತ್ತೆ ಸರಿಮಾಡಿದ.

"ಅದು ಸರಿ ಅದರೀ," ಎಂದಳು ಅವಳು ಪಿಸುದನಿಯಲ್ಲಿ.

"ಹ್ಞಾಂ."

"ಏನೋ ಹೇಳ್ಬೇಕಂತ ಕೂತೀರಿ. ಹೇಳ್ರಿ."

ಅವನ ಕಿವಿ ಕೆಂಪಾದವು.

"ಹೇಳೂದಲ್ರಿ. ಕೇಳೂದೈತಿ."

"ಕೇಳ್ರಿ."

"ನಿಮ್ಮನ್ನ ನೋಡಿದ್ರ ನನಗ ಜೀವಾ ಹೋಗಿ ಜೀವಾ ಬರ್ತೈತ್ರಿ. ನಮ್ಮ ಓಣ್ಯಾಗ ಏನಂತಾರೋ, ನಿಮ್ಮ ಮಂದಿ ಏನಂತಾರೋ... ಅನ್ನಲಿ. ನಾ ಹೆದರಂಗಿಲ್ಲ. ಆದ್ರ ಅದಲ್ಲ ನಾ ಕೇಳಾಕ ಬಂದದ್ದು." ಅವನು ಉಸಿರೆಳೆದುಕೊಂಡ. "ಇನ್ನ ಮ್ಯಾಲ ನಿಮಗ... 'ನೀ' ಅನ್ನಲೇನ್ರಿ?"

ಸುಮೇಧಾ ಅವನನ್ನೇ ನೋಡಿದಳು. ಕಣ್ಣಂಚಿನಿಂದ ಒಂದು ಹನಿ ಜಾರಿ ದಿಂಬಿನ ಮೇಲೆ ಬಿತ್ತು.

"ಬಸವಪ್ರಭು..."

"ಹ್ಞಾಂ?"

"ಮೊದಲ ನೀ ಒಂದೀಟು ನೀರು ಕೊಡು."